ಗ್ರಾಮ ಪಂಚಾಯತಿ ಸದಸ್ಯತ್ವ ರದ್ದು, ಕೋರ್ಟು, ಸ್ಟೇ: ಪದೇ ಪದೇ ಕೇಳುವ ಪ್ರಶ್ನೆಗಳು

ಅಥಣಿ, ಜಮಖಂಡಿ, ಇಂಡಿ ಕಡೆ ಯಾವ ಊರಿಗೆ ಹೋದರೂ ಪಂಚಾಯತಿ ಕಟ್ಟೆಯ ಮೇಲೆ ಇದೇ ಮಾತು. ಅವರ ಮೆಂಬರ್‌ಶಿಪ್ ಹೋಯ್ತಂತೆ, ಇವರು ಸ್ಟೇ ತಂದರಂತೆ, ಧಾರವಾಡದ ಹೈಕೋರ್ಟ್ ಪೀಠದಲ್ಲಿ ಕೇಸು ಬಿತ್ತಂತೆ. ಅರ್ಧ ನಿಜ, ಅರ್ಧ ಚಹಾ ಅಂಗಡಿಯ ಕಾನೂನು. ಬೆಳಗಾವಿ, ಬಾಗಲಕೋಟೆ, ವಿಜಯಪುರದ ಜನ ಹೆಚ್ಚಾಗಿ ಕೇಳುವ ಪ್ರಶ್ನೆಗಳಿಗೆ ಇಲ್ಲಿ ಉತ್ತರ ಇದೆ. ಸದಸ್ಯರೂ ಓದಬಹುದು, ಸದಸ್ಯರನ್ನು ಇಳಿಸಬೇಕು ಅಂತ ಹೊರಟವರೂ ಓದಬಹುದು.

ನಮ್ಮ ವಾರ್ಡಿನ ಮೆಂಬರನ್ನು ತೆಗೆಸಬೇಕು. ಎಲ್ಲಿ ಅರ್ಜಿ ಹಾಕಬೇಕು?

ಮೊದಲು ಯಾಕೆ ಅಂತ ಹೇಳಿ. ನಿಮ್ಮ ಕಾರಣ ಯಾವುದು ಅನ್ನೋದರ ಮೇಲೆ ಹೋಗಬೇಕಾದ ಬಾಗಿಲು ಬದಲಾಗುತ್ತದೆ. ಅವರು ಗೆದ್ದ ರೀತಿಯೇ ತಪ್ಪು, ಮತಕ್ಕೆ ಹಣ ಹಂಚಿದರು, ಎಣಿಕೆಯಲ್ಲಿ ಮೋಸ ಆಯ್ತು ಅಂದರೆ ಅದು ಚುನಾವಣಾ ತಕರಾರು ಅರ್ಜಿ, ಸಿವಿಲ್ ಕೋರ್ಟಿಗೆ ಹೋಗುತ್ತದೆ. ಸದಸ್ಯರಾಗಿರಲು ಅರ್ಹತೆಯೇ ಇಲ್ಲ ಅಂದರೆ ಅದು ಅನರ್ಹತೆ, ಸೆಕ್ಷನ್ 12 ಮತ್ತು 13. ಅರ್ಹತೆ ಇದೆ, ಆದರೆ ಕುರ್ಚಿಯಲ್ಲಿ ಕೂತು ದುಡ್ಡು ಹೊಡೆದರು, ಅಧಿಕಾರ ದುರುಪಯೋಗ ಮಾಡಿದರು ಅಂದರೆ ಅದು ದುರ್ನಡತೆ, ಸೆಕ್ಷನ್ 43ಎ. ಅಧ್ಯಕ್ಷರ ಮೇಲೆ ಸದಸ್ಯರಿಗೇ ವಿಶ್ವಾಸ ಇಲ್ಲ ಅಂದರೆ ಸೆಕ್ಷನ್ 49, ಅವಿಶ್ವಾಸ.

ಈ ಸೆಕ್ಷನ್‌ಗಳೆಲ್ಲ 1993ರ ಕರ್ನಾಟಕ ಪಂಚಾಯತ್ ರಾಜ್ ಕಾಯ್ದೆಯವು. ಈಗ ಅದರ ಹೆಸರಿನ ಮುಂದೆ ಗ್ರಾಮ ಸ್ವರಾಜ್ ಅಂತ ಸೇರಿದೆ. ಎಷ್ಟೋ ಜನ ಈ ನಾಲ್ಕನ್ನೂ ಒಂದೇ ಅರ್ಜಿಯಲ್ಲಿ ತುರುಕಿ, ಡಿಸಿ, ಜಿಲ್ಲಾ ಪಂಚಾಯತಿಯ ಸಿಇಒ (ಮುಖ್ಯ ಕಾರ್ಯನಿರ್ವಾಹಕ ಅಧಿಕಾರಿ), ಲೋಕಾಯುಕ್ತ, ಮುಖ್ಯಮಂತ್ರಿ ಎಲ್ಲರಿಗೂ ಒಂದೊಂದು ಪ್ರತಿ ಕಳಿಸಿ ಕೂರುತ್ತಾರೆ. ಅಂಥ ಅರ್ಜಿ ಟೇಬಲಿನಿಂದ ಟೇಬಲಿಗೆ ಓಡಾಡುತ್ತದೆ. ಅಷ್ಟರಲ್ಲಿ ನಿಜವಾದ ಗಡುವು ದಾಟಿ ಹೋಗಿರುತ್ತದೆ.

ಚುನಾವಣಾ ತಕರಾರು ಅರ್ಜಿಗೆ ಎಷ್ಟು ದಿನ ಇರುತ್ತದೆ?

ಫಲಿತಾಂಶ ಘೋಷಣೆಯಾದ ದಿನದಿಂದ 30 ದಿನ. ಅಭ್ಯರ್ಥಿಯೂ ಹಾಕಬಹುದು, ಮತದಾರರೂ ಹಾಕಬಹುದು. ಜ್ವರ ಬಂದಿತ್ತು, ವಕೀಲರು ಸಿಗಲಿಲ್ಲ, ಕಬ್ಬು ಕಡಿಯೋ ಸೀಜನ್ ಇತ್ತು ಅಂತೆಲ್ಲ ಹೇಳಿದರೆ ನಡೆಯಲ್ಲ. ಬೇರೆ ದಾವೆಗಳಲ್ಲಿ ತಡವನ್ನು ಮನ್ನಿಸುವ ಹಾಗೆ ಇಲ್ಲಿ ಮನ್ನಿಸುತ್ತಾರೆ ಅಂತ ನಂಬಿ ಕೂರಬೇಡಿ.

ನನ್ನ ನಾಮಪತ್ರವನ್ನು ಸುಮ್ಮಸುಮ್ಮನೆ ತಿರಸ್ಕರಿಸಿದ್ದಾರೆ. ಈಗಲೇ ಹೈಕೋರ್ಟಿಗೆ ಹೋಗಿ ಚುನಾವಣೆ ನಿಲ್ಲಿಸಬಹುದಾ?

ಕಷ್ಟ. ಸಂವಿಧಾನದ 243-ಒ ವಿಧಿ ಪಂಚಾಯತಿ ಚುನಾವಣೆಯನ್ನು ತಕರಾರು ಅರ್ಜಿಯ ಮೂಲಕ ಬಿಟ್ಟು ಬೇರೆ ರೀತಿ ಪ್ರಶ್ನಿಸುವಂತಿಲ್ಲ ಅನ್ನುತ್ತದೆ. ಚುನಾವಣೆ ನಡುವೆ ಕೋರ್ಟು ಕೈ ಹಾಕಬಾರದು ಅನ್ನೋ ಮಾತು ಹಳೆಯದು. 1952ರಲ್ಲೇ ಪೊನ್ನುಸ್ವಾಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು, ಅದೂ ನಾಮಪತ್ರ ತಿರಸ್ಕಾರದ ಕೇಸೇ. ತಿರಸ್ಕಾರದ ಆದೇಶದ ನಕಲು ಆ ದಿನವೇ ತೆಗೆದಿಟ್ಟುಕೊಳ್ಳಿ, ಫಲಿತಾಂಶ ಬಂದ ಮೇಲೆ 30 ದಿನದೊಳಗೆ ತಕರಾರು ಅರ್ಜಿ ಹಾಕಿ.

ಸೆಕ್ಷನ್ 12ರಲ್ಲಿ ಏನೇನಿದೆ?

ಪಟ್ಟಿ ಉದ್ದ ಇದೆ. ಜನಕ್ಕೆ ಬೇಕಾದಷ್ಟು ಹೇಳುತ್ತೇನೆ. ಕೆಲವು ಅಪರಾಧಗಳಲ್ಲಿ ಶಿಕ್ಷೆ ಆಗಿರುವುದು, ಸರ್ಕಾರಿ ಲಾಭದ ಹುದ್ದೆಯಲ್ಲಿರುವುದು, ದಿವಾಳಿ ಆಗಿರುವುದು, ಪಂಚಾಯತಿಯ ಕೆಲಸ ಅಥವಾ ಗುತ್ತಿಗೆಯಲ್ಲಿ ನೇರವಾಗಿ ಇಲ್ಲವೇ ಹಿಂದಿನಿಂದ ಪಾಲು ಇರುವುದು, ಪಂಚಾಯತಿಗೆ ಕೊಡಬೇಕಾದ ಬಾಕಿ ಕಟ್ಟದೇ ಇರುವುದು. ಇದಲ್ಲದೆ ಸಂವಿಧಾನದ 243-ಎಫ್ ವಿಧಿ ಪ್ರಕಾರ, ವಿಧಾನಸಭೆ ಚುನಾವಣೆಗೆ ಯಾರು ಅನರ್ಹರೋ ಅವರು ಇಲ್ಲಿಗೂ ಅನರ್ಹರು. ವಯಸ್ಸು ಮಾತ್ರ ಬೇರೆ, ಅಲ್ಲಿ 25 ಬೇಕು, ಇಲ್ಲಿ 21 ಸಾಕು.

ಪಟ್ಟಿಯಲ್ಲಿ ಇಲ್ಲದ ಕಾರಣಕ್ಕೆ ಯಾರನ್ನೂ ಅನರ್ಹ ಮಾಡಲು ಬರುವುದಿಲ್ಲ. ಕುಡಿಯುತ್ತಾನೆ, ಓದಿಲ್ಲ, ಫೋನ್ ಎತ್ತಲ್ಲ, ನಮ್ಮ ಓಣಿಗೆ ಗಟಾರ ಮಾಡಿಸಲಿಲ್ಲ... ಸಿಟ್ಟು ನ್ಯಾಯವಾದದ್ದೇ ಇರಬಹುದು, ಆದರೆ ಅದಕ್ಕೆ ಮುಂದಿನ ಚುನಾವಣೆಯೇ ಮದ್ದು.

ಮೂರು ಮಕ್ಕಳಿದ್ದರೆ ಸದಸ್ಯತ್ವ ಹೋಗುತ್ತಾ?

ಕರ್ನಾಟಕದಲ್ಲಿ ಇಲ್ಲ. ಈ ಪ್ರಶ್ನೆ ಚಿಕ್ಕೋಡಿ, ನಿಪ್ಪಾಣಿ, ಅಥಣಿ ಕಡೆಯಿಂದ ಜಾಸ್ತಿ ಬರುತ್ತದೆ, ಯಾಕೆ ಅಂತ ಗೊತ್ತೇ ಇದೆ. ಗಡಿ ದಾಟಿದರೆ ಕೊಲ್ಹಾಪುರ, ಸಾಂಗ್ಲಿ. ಅಲ್ಲಿ ಬೀಗರ ಊರಲ್ಲಿ ಮೂರನೇ ಮಗು ಹುಟ್ಟಿ ಸರಪಂಚರ (ಅಲ್ಲಿಯ ಪಂಚಾಯತಿ ಅಧ್ಯಕ್ಷರ) ಕುರ್ಚಿ ಹೋಯ್ತು ಅಂತ ಕೇಳಿ ಬಂದಿರುತ್ತಾರೆ. ಮಹಾರಾಷ್ಟ್ರದ ಕಾಯ್ದೆಯಲ್ಲಿ ಎರಡಕ್ಕಿಂತ ಹೆಚ್ಚು ಮಕ್ಕಳಿಗೆ ಅನರ್ಹತೆ ಇದೆ, 2001ರ ಸೆಪ್ಟೆಂಬರ್ ನಂತರ ಹುಟ್ಟಿದ ಮಕ್ಕಳನ್ನು ಅದಕ್ಕೆ ಲೆಕ್ಕ ಹಿಡಿಯುತ್ತಾರೆ. ಇಂಥದೇ ನಿಯಮ ಹರಿಯಾಣದಲ್ಲಿ ಇದ್ದಾಗ, 2003ರಲ್ಲಿ ಜಾವೇದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿ ಹಿಡಿಯಿತು. 2015ರಲ್ಲಿ ರಾಜಬಾಲಾ ಪ್ರಕರಣದಲ್ಲಿ ಇಷ್ಟು ಓದಿರಬೇಕು, ಮನೆಯಲ್ಲಿ ಶೌಚಾಲಯ ಇರಬೇಕು ಅನ್ನೋ ಹರಿಯಾಣದ ಷರತ್ತುಗಳನ್ನೂ ಒಪ್ಪಿತು. ಅಂದರೆ ರಾಜ್ಯ ಇಂಥ ನಿಯಮ ಮಾಡಬಹುದು ಅಂತ ಕೋರ್ಟ್ ಹೇಳಿದೆ. ಕರ್ನಾಟಕ ಮಕ್ಕಳ ಸಂಖ್ಯೆಗೂ ಓದಿಗೂ ಷರತ್ತು ಹಾಕಿಲ್ಲ, ಅಷ್ಟೇ. ನನ್ನ ಪ್ರಕಾರ ಹಾಕದೇ ಇದ್ದದ್ದೇ ಒಳ್ಳೆಯದು. ನಮ್ಮ ಕಡೆ ಮಕ್ಕಳೆಷ್ಟು ಅನ್ನೋದನ್ನು ಸೊಸೆ ನಿರ್ಧರಿಸುವುದಿಲ್ಲ, ಆದರೆ ಕುರ್ಚಿ ಹೋಗೋದು ಅವಳದೇ.

ಗಾಯರಾಣ (ದನ ಮೇಯಿಸಲು ಬಿಟ್ಟ ಸರ್ಕಾರಿ) ಜಾಗದಲ್ಲಿ ಮನೆ ಕಟ್ಟಿದ್ದರೆ?

ಇದೂ ಗಡಿಯಾಚೆಯ ಗಾಳಿ. ಸರ್ಕಾರಿ ಜಾಗ ಒತ್ತುವರಿ ಮಾಡಿದವರು ಸದಸ್ಯರಾಗುವಂತಿಲ್ಲ ಅಂತ ಮಹಾರಾಷ್ಟ್ರದ ಕಾಯ್ದೆಯಲ್ಲಿ ಪ್ರತ್ಯೇಕ ಕಲಮು ಇದೆ. ಒತ್ತುವರಿ ಮಾಡಿದ್ದು ಮಾವನೋ ಅಪ್ಪನೋ ಆಗಿದ್ದು, ಸದಸ್ಯರು ಅಲ್ಲೇ ವಾಸ ಇದ್ದರೆ ಏನು ಅಂತ ದೊಡ್ಡ ಚರ್ಚೆ ಆಗಿತ್ತು. 2018ರ ಜನಾಬಾಯಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ, ಆ ಜಾಗ ಅನುಭವಿಸುತ್ತಾ ಇರುವ ಸದಸ್ಯರಿಗೂ ಅನರ್ಹತೆ ತಟ್ಟುತ್ತದೆ ಅಂತ ಹೇಳಿತು. ಆದರೆ 2024ರ ಸೆಪ್ಟೆಂಬರಿನಲ್ಲಿ ಜಳಗಾಂವ ಜಿಲ್ಲೆಯ ವಿಚಖೇಡಾ ಗ್ರಾಮದ ಮಹಿಳಾ ಸರಪಂಚರನ್ನು ಇದೇ ಆರೋಪದ ಮೇಲೆ ಇಳಿಸಿದ್ದನ್ನು ಸುಪ್ರೀಂ ಕೋರ್ಟ್ ರದ್ದು ಮಾಡಿತು. ಸರಿಯಾಗಿ ಸತ್ಯಾಂಶ ನೋಡದೆ, ಆರಿಸಿ ಬಂದ ಹೆಣ್ಣುಮಗಳನ್ನು ಅಧಿಕಾರಿಗಳು ಹಗುರವಾಗಿ ತೆಗೆದುಬಿಟ್ಟರು ಅಂತ ಗಟ್ಟಿಯಾಗಿಯೇ ಹೇಳಿತು.

ಜನಾಬಾಯಿ ತೀರ್ಪಿನ ಝೆರಾಕ್ಸ್ ಹಿಡಿದು ಇಲ್ಲಿ ದೂರು ಕೊಡುವವರು ನಮ್ಮ ಸೆಕ್ಷನ್ 12ರ ಅಕ್ಷರಗಳನ್ನು ಮೊದಲು ಓದಿ. ಬೇರೆ ರಾಜ್ಯದ ಕಲಮು ಇಲ್ಲಿ ನಡೆಯುವುದಿಲ್ಲ.

ಮೆಂಬರ್ ತನ್ನ ತಮ್ಮನ ಹೆಸರಲ್ಲಿ ಪಂಚಾಯತಿ ಕೆಲಸ ಹಿಡಿದಿದ್ದಾನೆ.

ಇದು ಗಟ್ಟಿ ಕಾರಣ, ಆದರೆ ಸಾಬೀತು ಮಾಡೋದೇ ತಲೆನೋವು. ತಮ್ಮ ಗುತ್ತಿಗೆದಾರ ಅನ್ನೋದಷ್ಟೇ ಸಾಲದು. ಆ ಕೆಲಸದ ಹಣದಲ್ಲಿ ಅಣ್ಣನಿಗೆ ಪಾಲಿದೆ ಅಂತ ತೋರಿಸಬೇಕು. ಬಿಲ್ಲಿನ ಹಣ ಯಾವ ಖಾತೆಗೆ ಹೋಯ್ತು, ಅಲ್ಲಿಂದ ಮುಂದೆ ಎಲ್ಲಿಗೆ ಹೋಯ್ತು, ಸಾಮಗ್ರಿ ಪೂರೈಸಿದ ಅಂಗಡಿ ಯಾರ ಹೆಸರಲ್ಲಿದೆ, ಒಂದೇ ಪಡಿತರ ಚೀಟಿಯಲ್ಲಿ ಇದ್ದಾರಾ, ಆ ಬಿಲ್ ಪಾಸ್ ಮಾಡಿದ ಸಭೆಯಲ್ಲಿ ಅಣ್ಣ ಕೂತು ಸಹಿ ಹಾಕಿದ್ದಾನಾ, ಇವನ್ನೆಲ್ಲ ಮಾಹಿತಿ ಹಕ್ಕಿನಲ್ಲಿ ತೆಗೆಯಿರಿ. ಪಿಡಿಒ (ಪಂಚಾಯತಿ ಅಭಿವೃದ್ಧಿ ಅಧಿಕಾರಿ) ಕೊಡಲ್ಲ ಅಂದರೆ ಮೇಲ್ಮನವಿ ಹಾಕಿ. ಠರಾವು (ಸಭೆಯ ನಿರ್ಣಯ) ಪುಸ್ತಕದ ಒಂದು ದೃಢೀಕೃತ ಪುಟ ಹತ್ತು ಜನರ ಬಾಯಿಮಾತಿಗಿಂತ ಹೆಚ್ಚು ತೂಗುತ್ತದೆ.

ಅವರ ಮೇಲೆ ಎಫ್‌ಐಆರ್ ಇದೆ. ಅನರ್ಹರಲ್ವಾ?

ಎಫ್‌ಐಆರ್ ಸಾಲದು, ಚಾರ್ಜ್‌ಶೀಟೂ ಸಾಲದು. ಶಿಕ್ಷೆ ಆಗಬೇಕು. ಶಾಸಕರಿಗೆ ಅನ್ವಯಿಸುವ, 243-ಎಫ್ ಮೂಲಕ ಇಲ್ಲಿಗೂ ಬರುವ ಜನಪ್ರತಿನಿಧಿ ಕಾಯ್ದೆಯ ಸೆಕ್ಷನ್ 8(3)ರ ಪ್ರಕಾರ ಎರಡು ವರ್ಷ ಅಥವಾ ಹೆಚ್ಚು ಶಿಕ್ಷೆಯಾದರೆ ಅನರ್ಹತೆ, ಬಿಡುಗಡೆಯಾದ ಮೇಲೂ ಆರು ವರ್ಷ.

ಕೇಸು ಇದ್ದದ್ದನ್ನು ಮುಚ್ಚಿಟ್ಟಿದ್ದರೆ ಮಾತ್ರ ಬೇರೆ ಕಥೆ. ತಮಿಳುನಾಡಿನ ಕೊಯಮತ್ತೂರು ಜಿಲ್ಲೆಯ ಒಂದು ಪಂಚಾಯತಿ ಅಧ್ಯಕ್ಷರ ಪ್ರಕರಣದಲ್ಲಿ, ನಾಮಪತ್ರದ ಜೊತೆ ಕ್ರಿಮಿನಲ್ ಕೇಸುಗಳ ವಿವರ ಕೊಡದೆ ಇದ್ದದ್ದು ಭ್ರಷ್ಟ ಆಚರಣೆ ಅಂತ 2015ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ನಮ್ಮ ರಾಜ್ಯದಲ್ಲೇ ಮೈಸೂರು ಪಾಲಿಕೆಯ ಮೇಯರ್ ಆಗಿದ್ದ ರುಕ್ಮಿಣಿ ಮಾದೇಗೌಡ ಅವರ ಆಯ್ಕೆ ಆಸ್ತಿ ವಿವರ ಸರಿಯಾಗಿ ಕೊಡದ ಕಾರಣಕ್ಕೆ ಅಸಿಂಧುವಾಯಿತು, 2022ರಲ್ಲಿ ಸುಪ್ರೀಂ ಕೋರ್ಟ್ ಅದನ್ನೇ ಖಾಯಂ ಮಾಡಿತು. ಅದು ಪಾಲಿಕೆ, ಕಾಯ್ದೆ ಬೇರೆ, ಆದರೂ ವಿಚಾರ ಒಂದೇ. ಇಂಥದ್ದಕ್ಕೆ ದಾರಿ ಚುನಾವಣಾ ತಕರಾರು ಅರ್ಜಿ. ಮತ್ತೆ ಆ 30 ದಿನ ನೆನಪಿರಲಿ.

ಮೀಸಲು ಸೀಟಿನಲ್ಲಿ ಸುಳ್ಳು ಜಾತಿ ಪ್ರಮಾಣಪತ್ರ ಕೊಟ್ಟು ಗೆದ್ದಿದ್ದಾರೆ. ಏನು ಮಾಡೋದು?

ನಮ್ಮ ಮೂರೂ ಜಿಲ್ಲೆಗಳಲ್ಲಿ ಜಾಸ್ತಿ ಉರಿಯುವ ವಿಷಯ ಇದು. ಪರಿಶಿಷ್ಟ ಜಾತಿ ಪಟ್ಟಿಯಲ್ಲಿರುವ ಬೇಡ ಜಂಗಮ ಹೆಸರಿನ ಪ್ರಮಾಣಪತ್ರದ ಜಗಳ ಇದೆ, ತಳವಾರ ಸಮುದಾಯವನ್ನು 2020ರಲ್ಲಿ ಪರಿಶಿಷ್ಟ ಪಂಗಡಕ್ಕೆ ಸೇರಿಸಿದ ಮೇಲೆ ಯಾರು ಆ ತಳವಾರರು ಅನ್ನೋ ಜಗಳವೂ ಇದೆ. ಊರಿನವರಿಗೆಲ್ಲ ಸತ್ಯ ಗೊತ್ತಿರುತ್ತದೆ, ಆದರೆ ಊರಿನವರಿಗೆ ಗೊತ್ತು ಅನ್ನೋದು ಪುರಾವೆ ಅಲ್ಲ.

ಪ್ರಮಾಣಪತ್ರ ಇರುವ ತನಕ ಅದು ಊರ್ಜಿತ. ತಹಶೀಲ್ದಾರರು ಕೊಟ್ಟಿದ್ದನ್ನು ರದ್ದು ಮಾಡಿಸಲು ಜಿಲ್ಲಾ ಜಾತಿ ಪರಿಶೀಲನಾ ಸಮಿತಿಯ ಮುಂದೆ ಹೋಗಬೇಕು. ಅಲ್ಲಿ ಅಜ್ಜನ ಕಾಲದ ಶಾಲಾ ದಾಖಲೆ, ಹಳೆಯ ಉತಾರ (ಪಹಣಿ), ಸಂಬಂಧಿಕರ ಪ್ರಮಾಣಪತ್ರ ಎಲ್ಲ ನೋಡುತ್ತಾರೆ. ಶಾಲೆಯ ದಾಖಲಾತಿ ರಜಿಸ್ಟರಿನ ನಕಲು ಸಿಕ್ಕರೆ ಅರ್ಧ ಕೆಲಸ ಆದ ಹಾಗೆ. ಚುನಾವಣಾ ತಕರಾರು ಅರ್ಜಿ ಮತ್ತು ಸಮಿತಿಯ ದೂರು ಎರಡನ್ನೂ ಜೊತೆಜೊತೆಗೇ ಹಾಕುವುದು ಜಾಣತನ. ಸಮಿತಿಯ ತೀರ್ಮಾನ ಬರಲಿ ಅಂತ ಕಾಯುತ್ತಾ ಕೂತರೆ 30 ದಿನ ದಾಟಿರುತ್ತದೆ, ಎಷ್ಟೋ ಸಲ ಐದು ವರ್ಷವೇ ದಾಟಿರುತ್ತದೆ.

ಸಭೆಗೇ ಬರಲ್ಲ. ಪುಣೆಯಲ್ಲಿ ದುಡಿಯುತ್ತಾರೆ.

ರಜೆ ಪಡೆಯದೆ, ಕಾಯ್ದೆ ಹೇಳಿದಷ್ಟು ಸಾಮಾನ್ಯ ಸಭೆಗಳಿಗೆ ಸತತವಾಗಿ ಗೈರಾದರೆ ಸೀಟು ಖಾಲಿ. ಸತತ ಅನ್ನೋದೇ ಮುಖ್ಯ, ನಡುವೆ ಒಂದು ಸಭೆಗೆ ಬಂದು ಸಹಿ ಹಾಕಿದರೂ ಎಣಿಕೆ ಮತ್ತೆ ಮೊದಲಿನಿಂದ. ಕೋರ್ಟಿನಲ್ಲಿ ಇಂಥ ಕೇಸು ಬೀಳೋದು ಬಹುಪಾಲು ನೋಟಿಸಿನ ಮೇಲೆ. ಸಭೆಯ ನೋಟಿಸ್ ತಲುಪಿಯೇ ಇಲ್ಲ ಅಂತ ಸದಸ್ಯರು ಹೇಳುತ್ತಾರೆ, ಪಂಚಾಯತಿ ಕಡೆ ಸಹಿ ಹಾಕಿಸಿಕೊಂಡ ಪುಸ್ತಕವೇ ಇರುವುದಿಲ್ಲ. ಸಿಪಾಯಿ ಮನೆಗೆ ಹೋಗಿ ಬಾಯಲ್ಲಿ ಹೇಳಿ ಬಂದಿರುತ್ತಾನೆ. ಹೋಯ್ತು ಕೇಸು.

43ಎ ಅಡಿ ತೆಗೆಯೋದು ಹೇಗೆ ನಡೆಯುತ್ತದೆ?

ಉದ್ಯೋಗ ಖಾತ್ರಿಯಲ್ಲಿ ಸುಳ್ಳು ಎನ್‌ಎಂಆರ್ (ಕೂಲಿಕಾರರ ಹಾಜರಿ ಪಟ್ಟಿ), ಆಗದ ಕೆಲಸಕ್ಕೆ ಬಿಲ್, ಮನೆ ಹಂಚಿಕೆಯಲ್ಲಿ ವಸೂಲಿ, ಇಂಥವು ಇಲ್ಲಿಗೆ ಬರುತ್ತವೆ. ದೂರು ತಾಲ್ಲೂಕು ಪಂಚಾಯತಿ ಇಒ (ಕಾರ್ಯನಿರ್ವಾಹಕ ಅಧಿಕಾರಿ), ಜಿಲ್ಲಾ ಪಂಚಾಯತಿ ಸಿಇಒ ಮೂಲಕ ತನಿಖೆಯಾಗಿ, ವರದಿ ಮೇಲೆ ಹೋಗುತ್ತದೆ. ನಮ್ಮ ಮೂರೂ ಜಿಲ್ಲೆಗೆ ವಿಚಾರಣೆ ನಡೆಯೋದು ಬೆಳಗಾವಿಯ ಪ್ರಾದೇಶಿಕ ಆಯುಕ್ತರ ಮುಂದೆ. ಆರೋಪ ಸಾಬೀತಾದರೆ ಸದಸ್ಯತ್ವ ಹೋಗುವುದರ ಜೊತೆಗೆ ಆರು ವರ್ಷ ಚುನಾವಣೆಗೆ ನಿಲ್ಲುವಂತಿಲ್ಲ. ಆ ಆರು ವರ್ಷಕ್ಕೆ ಹೆದರಿಯೇ ಜನ ಹೈಕೋರ್ಟಿಗೆ ಓಡೋದು.

ನೀವು ನೋಟಿಸ್ ಬಂದ ಸದಸ್ಯರಾಗಿದ್ದರೆ ಕಿವಿಗೊಟ್ಟು ಕೇಳಿ. ನೋಟಿಸಿಗೆ ಉತ್ತರ ಕೊಡದೆ, ಸಾಹೇಬರನ್ನು ಕಂಡು ಬಂದರೆ ಆಯ್ತು ಅಂತ ಕೂರಬೇಡಿ. ಲಿಖಿತ ಉತ್ತರ ಕೊಡಿ, ಸ್ವೀಕೃತಿ ತೆಗೆದುಕೊಳ್ಳಿ. ತನಿಖಾ ವರದಿಯ ಪ್ರತಿ ಕೇಳಿ. ಕೊಡದೇ ಹೋದರೆ, ಕೇಳಿದ್ದಕ್ಕೆ ಸಾಕ್ಷಿ ಇಟ್ಟುಕೊಳ್ಳಿ, ಮುಂದೆ ಹೈಕೋರ್ಟಿನಲ್ಲಿ ಅದೇ ನಿಮ್ಮ ಮೊದಲ ಅಸ್ತ್ರ. ಚೆಕ್ಕಿಗೆ ಸಹಿ ಹಾಕಿದ್ದು ಯಾರು, ಅಳತೆ ಪುಸ್ತಕ ಬರೆದ ಇಂಜಿನಿಯರ್ ಯಾರು, ಠರಾವಿನಲ್ಲಿ ನಿಮ್ಮ ಪಾತ್ರ ಏನು, ಇದನ್ನೆಲ್ಲ ಕೆಳಗಿನ ಹಂತದಲ್ಲೇ ದಾಖಲೆ ಸಮೇತ ಹೇಳಬೇಕು. ಅಲ್ಲಿ ಬಾಯಿ ಬಿಡದೆ ಧಾರವಾಡದಲ್ಲಿ ಹೊಸ ಕಥೆ ಹೇಳಿದರೆ ನ್ಯಾಯಮೂರ್ತಿಗಳು ಮೊದಲು ಕೇಳೋದೇ ಆಗ ಯಾಕೆ ಹೇಳಲಿಲ್ಲ ಅಂತ.

ಹೆಂಡತಿ ಸದಸ್ಯೆ, ಕಾರಭಾರವೆಲ್ಲ ಗಂಡನದು. ಅದಕ್ಕೆ ಸದಸ್ಯತ್ವ ಹೋಗುತ್ತಾ?

ಅದೊಂದಕ್ಕೇ ತಾನಾಗಿ ಹೋಗುವುದಿಲ್ಲ. ಆದರೆ ಗಂಡ ಸಭೆಯಲ್ಲಿ ಕೂತು, ಕಡತ ನೋಡಿ, ಹೆಂಡತಿ ಹೆಸರಿನ ಸಹಿ ತಾನೇ ಹಾಕಿದ್ದರೆ ಅದು ದುರ್ನಡತೆಯ ಆರೋಪವಾಗಬಹುದು. ಆಗ ನೋಟಿಸ್ ಬರೋದು, ಬೆಳಗಾವಿಗೆ ಓಡಾಡೋದು, ಆರು ವರ್ಷ ಕಳೆದುಕೊಳ್ಳೋದು ಎಲ್ಲ ಅಕ್ಕನ ಪಾಲಿಗೆ. ಸಹಿ ಮಾಡಿದ ಮಹಾಶಯರ ಹೆಸರು ಆದೇಶದಲ್ಲಿ ಎಲ್ಲೂ ಇರುವುದಿಲ್ಲ. ಸದಸ್ಯೆಯರೇ, ಖಾಲಿ ಹಾಳೆಗೆ, ಖಾಲಿ ಚೆಕ್ಕಿಗೆ ಸಹಿ ಹಾಕಬೇಡಿ, ಗಂಡ ಕೇಳಿದರೂ ಸರಿ, ಪಿಡಿಒ ಕೇಳಿದರೂ ಸರಿ.

ಮೆಂಬರ್ ಆ ಪಾರ್ಟಿಯಿಂದ ಈ ಪಾರ್ಟಿಗೆ ಹೋದರು. ಪಕ್ಷಾಂತರ?

ಗ್ರಾಮ ಪಂಚಾಯತಿ ಚುನಾವಣೆ ಪಕ್ಷದ ಚಿಹ್ನೆಯ ಮೇಲೆ ನಡೆಯೋದೇ ಇಲ್ಲ. ಪಕ್ಷವೇ ಇಲ್ಲದ ಮೇಲೆ ಪಕ್ಷಾಂತರ ಎಲ್ಲಿಂದ ಬಂತು?

ಅವಿಶ್ವಾಸದಲ್ಲಿ ಸೋತ ಅಧ್ಯಕ್ಷರು ಸದಸ್ಯರಾಗಿಯೂ ಉಳಿಯಲ್ವಾ?

ಉಳಿಯುತ್ತಾರೆ. ಅವಿಶ್ವಾಸದಲ್ಲಿ ಹೋಗೋದು ಅಧ್ಯಕ್ಷ ಸ್ಥಾನ ಮಾತ್ರ. ಇದಕ್ಕೆ ಒಟ್ಟು ಸದಸ್ಯರ ಮೂರನೇ ಎರಡು ಭಾಗ ಬೇಕು, ಆ ದಿನ ಬಂದವರ ಮೂರನೇ ಎರಡು ಭಾಗ ಅಲ್ಲ. 15 ಜನರ ಪಂಚಾಯತಿಯಲ್ಲಿ 10 ಮತ. 16 ಜನ ಇದ್ದರೆ 11 ಬೇಕು, ಹತ್ತೂವರೆ ಚಿಲ್ಲರೆ ಅಂತ 10ಕ್ಕೆ ಇಳಿಸಲು ಬರಲ್ಲ. ಸಭೆ ಕರೆದು ನಡೆಸೋದು ಉಪವಿಭಾಗಾಧಿಕಾರಿ, ಅಂದರೆ ಎ.ಸಿ. ಸಾಹೇಬರು. ಬೆಳಗಾವಿ, ಚಿಕ್ಕೋಡಿ, ಬೈಲಹೊಂಗಲ, ಬಾಗಲಕೋಟೆ, ಜಮಖಂಡಿ, ವಿಜಯಪುರ, ಇಂಡಿ, ನಿಮ್ಮದು ಯಾವ ಉಪವಿಭಾಗವೋ ಅಲ್ಲಿಯವರು.

ಹೈಕೋರ್ಟಿನಲ್ಲಿ ಇದರ ಜಗಳವೆಲ್ಲ ನೋಟಿಸಿನ ದಿನಗಳ ಎಣಿಕೆ ಮೇಲೆ ನಡೆಯುತ್ತದೆ. ನೋಟಿಸ್ ಯಾವತ್ತು ಕೊಟ್ಟರು, ಯಾರ ಕೈಗೆ ಕೊಟ್ಟರು, ಸಭೆಗೂ ಅದಕ್ಕೂ ನಡುವೆ ನಿಯಮ ಹೇಳಿದಷ್ಟು ದಿನ ಇತ್ತಾ. ಸದಸ್ಯರನ್ನೆಲ್ಲ ಬಸ್ಸು ಹತ್ತಿಸಿ ಗೋವಾಕ್ಕೆ ಕರೆದೊಯ್ದು ಬಚ್ಚಿಡುವ ಉತ್ಸಾಹದಲ್ಲಿ ಈ ಎಣಿಕೆ ಯಾರೂ ನೋಡಿರುವುದಿಲ್ಲ!

ಆದೇಶ ನನ್ನ ವಿರುದ್ಧ ಬಂತು. ಯಾವ ಹೈಕೋರ್ಟಿಗೆ ಹೋಗಬೇಕು?

ಬೆಳಗಾವಿ ಮತ್ತು ಬಾಗಲಕೋಟೆ ಜಿಲ್ಲೆಯವರು ಧಾರವಾಡ ಪೀಠಕ್ಕೆ. ವಿಜಯಪುರದವರು ಕಲಬುರಗಿ ಪೀಠಕ್ಕೆ. ಇಲ್ಲಿ ಜನ ಎಡವುತ್ತಾರೆ, ಯಾಕೆಂದರೆ ವಿಜಯಪುರಕ್ಕೆ ಪ್ರಾದೇಶಿಕ ಆಯುಕ್ತರು ಬೆಳಗಾವಿಯವರು, ಹೈಕೋರ್ಟ್ ಪೀಠ ಮಾತ್ರ ಕಲಬುರಗಿ. ಎರಡೂ ಪೀಠ 2008ರ ಜುಲೈನಲ್ಲಿ ಸಂಚಾರಿ ಪೀಠವಾಗಿ ಶುರುವಾಗಿ 2013ರಲ್ಲಿ ಕಾಯಂ ಆದವು. ಅದಕ್ಕೂ ಮೊದಲು ಇಂಡಿಯ ಒಬ್ಬ ಸದಸ್ಯ ತನ್ನ ಸೀಟಿಗಾಗಿ ಬೆಂಗಳೂರಿನ ತನಕ ಹೋಗಬೇಕಿತ್ತು.

ಹೈಕೋರ್ಟ್ ಮತ್ತೆ ಎಲ್ಲ ಸಾಕ್ಷಿ ಕೇಳುತ್ತಾ?

ಇಲ್ಲ. ರಿಟ್ ಅರ್ಜಿಯಲ್ಲಿ (ಅಧಿಕಾರಿಯ ಆದೇಶವನ್ನು ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ) ಸಾಕ್ಷಿಗಳನ್ನು ಕಟಕಟೆಗೆ ಕರೆಯೋದಿಲ್ಲ. ಆ ಅಧಿಕಾರಿಗೆ ಅಧಿಕಾರ ಇತ್ತಾ, ನೋಟಿಸ್ ಕೊಟ್ಟರಾ, ಮಾತಾಡಲು ಅವಕಾಶ ಕೊಟ್ಟರಾ, ಆದೇಶದಲ್ಲಿ ಕಾರಣ ಬರೆದಿದ್ದಾರಾ, ಇಷ್ಟನ್ನು ನೋಡುತ್ತದೆ. ಆರಿಸಿ ಬಂದವರನ್ನು ತೆಗೆಯೋದು ಸಣ್ಣ ಮಾತಲ್ಲ, ಅದಕ್ಕೆ ತಕ್ಕ ಪುರಾವೆ ಮತ್ತು ಕ್ರಮ ಬೇಕು ಅಂತ 2012ರ ರವಿ ಯಶವಂತ ಭೋಯಿರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ, ವಕೀಲರು ಈ ತೀರ್ಪನ್ನು ಪದೇ ಪದೇ ತೋರಿಸುತ್ತಾರೆ. 2024ರ ನವೆಂಬರಿನಲ್ಲಿ ಛತ್ತೀಸಗಢದ ಜಶಪುರ ಜಿಲ್ಲೆಯ ಒಬ್ಬ ಯುವ ಮಹಿಳಾ ಸರಪಂಚರನ್ನು ಕಾಮಗಾರಿ ತಡವಾಯಿತು ಅಂತ ಇಳಿಸಿದ್ದನ್ನು ಸುಪ್ರೀಂ ಕೋರ್ಟ್ ರದ್ದು ಮಾಡಿ, ಸರ್ಕಾರಕ್ಕೆ 1 ಲಕ್ಷ ರೂಪಾಯಿ ದಂಡವನ್ನೂ ಹಾಕಿತು.

ಕ್ರಮ ತಪ್ಪಿದೆ ಅಂತ ಹೈಕೋರ್ಟ್ ಆದೇಶ ರದ್ದು ಮಾಡಿದರೆ ನೀವು ತಪ್ಪೇ ಮಾಡಿಲ್ಲ ಅಂತ ಅರ್ಥ ಅಲ್ಲ. ಎಷ್ಟೋ ಸಲ ಮತ್ತೆ ವಿಚಾರಣೆ ಮಾಡಿ ಅಂತ ಕೆಳಗೆ ಕಳಿಸುತ್ತದೆ. ಊರಲ್ಲಿ ಮಾತ್ರ ಅಷ್ಟೊತ್ತಿಗೆ ಗುಲಾಲು ಹಾರಿರುತ್ತದೆ. ಏಕಸದಸ್ಯ ಪೀಠದಲ್ಲಿ (ಒಬ್ಬರೇ ನ್ಯಾಯಮೂರ್ತಿ) ಸೋತರೆ 30 ದಿನದೊಳಗೆ ಇಬ್ಬರು ನ್ಯಾಯಮೂರ್ತಿಗಳ ವಿಭಾಗೀಯ ಪೀಠಕ್ಕೆ ಮೇಲ್ಮನವಿ ಇದೆ.

ಸ್ಟೇ ಸಿಕ್ಕರೆ ಸಭೆಗೆ ಹೋಗಿ ಮತ ಹಾಕಬಹುದಾ?

ಸ್ಟೇ ಅನ್ನೋ ಒಂದು ಮಾತಿನ ಮೇಲೆ ಹೋಗಬೇಡಿ, ಆದೇಶದ ಸಾಲು ಓದಿ. ಅನರ್ಹತೆಯ ಆದೇಶಕ್ಕೇ ತಡೆ ಇದ್ದರೆ ಸದಸ್ಯರಾಗಿ ಮುಂದುವರಿಯುತ್ತೀರಿ. ಕೆಲವು ಸಲ ಸಭೆಗೆ ಹೋಗಬಹುದು, ಮತ ಹಾಕುವಂತಿಲ್ಲ ಅಂತ ಇರುತ್ತದೆ. ಕೆಲವು ಸಲ ಉಪಚುನಾವಣೆಗೆ ಮಾತ್ರ ತಡೆ ಇರುತ್ತದೆ. ಯಥಾಸ್ಥಿತಿ ಅಂತ ಬರೆದಿದ್ದರೆ ಜಗಳ ಗ್ಯಾರಂಟಿ, ಯಾವ ದಿನದ ಯಥಾಸ್ಥಿತಿ ಅಂತ ಇಬ್ಬರೂ ತಮಗೆ ಬೇಕಾದ ಹಾಗೆ ಓದುತ್ತಾರೆ. ಅಂಥಾಗ ವಕೀಲರಿಗೆ ಹೇಳಿ ಕೋರ್ಟಿನಿಂದಲೇ ಸ್ಪಷ್ಟನೆ ತರಿಸಿ. ದೃಢೀಕೃತ ಪ್ರತಿಯನ್ನು ಪಿಡಿಒ, ಇಒ, ಎ.ಸಿ. ಮೂವರಿಗೂ ಕೊಟ್ಟು ಮೊಹರು ಹಾಕಿಸಿಕೊಳ್ಳಿ. ವಾಟ್ಸ್ಆ್ಯಪ್ ಫೋಟೋ ನೋಡಿಲ್ಲ ಅಂತ ಅವರು ಹೇಳಿದರೆ ಏನೂ ಮಾಡಲು ಬರಲ್ಲ.

ಆ ಕಡೆಯವರು ನಮಗೆ ಗೊತ್ತಾಗದೆ ಸ್ಟೇ ತರಬಾರದು. ದಾರಿ ಇದೆಯಾ?

ಕೇವಿಯಟ್ ಹಾಕಿ, ಅಂದರೆ ನಮ್ಮ ಮಾತು ಕೇಳದೆ ತಡೆ ಕೊಡಬೇಡಿ ಅಂತ ಕೋರ್ಟಿಗೆ ಮೊದಲೇ ಕೊಡುವ ಅರ್ಜಿ. 90 ದಿನ ನಡೆಯುತ್ತದೆ, ಆಮೇಲೆ ಮತ್ತೆ ಹಾಕಬೇಕು.

ಅನರ್ಹರಾದವರು ಇದ್ದಾಗ ಮಾಡಿದ ಠರಾವುಗಳು ಬಿದ್ದುಹೋಗುತ್ತವಾ?

ಇಲ್ಲ. ಕುರ್ಚಿಯಲ್ಲಿ ಕೂತಿದ್ದಾಗ ಮಾಡಿದ ಕೆಲಸ, ಆಮೇಲೆ ಕುರ್ಚಿ ತಪ್ಪಿದ ಮಾತ್ರಕ್ಕೆ ಅಳಿದುಹೋಗುವುದಿಲ್ಲ. 1981ರ ಗೋಕರಾಜು ರಂಗರಾಜು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ನ್ಯಾಯಾಧೀಶರ ನೇಮಕದ ವಿಷಯದಲ್ಲಿ ಹೇಳಿದ ಮಾತು ಇದು, ಬೇರೆ ಹುದ್ದೆಗಳಿಗೂ ಇದೇ ತತ್ವ ಅನ್ವಯಿಸುತ್ತಾರೆ. ನಿಮ್ಮ ಮನೆ ಮಂಜೂರಾತಿಯ ಚಿಂತೆ ಬಿಡಿ.

ಪಂಚಾಯತಿಯ ಅವಧಿಯೇ ಮುಗಿದರೆ ಕೇಸು ಏನಾಗುತ್ತದೆ?

ಪಂಚಾಯತಿಯ ಅವಧಿ ಮೊದಲ ಸಭೆಯಿಂದ ಐದು ವರ್ಷ. ರಾಜ್ಯದಲ್ಲಿ 2020ರ ಡಿಸೆಂಬರ್ 22 ಮತ್ತು 27ರಂದು ಮತದಾನ ಆಗಿತ್ತು, ಲೆಕ್ಕ ಹಾಕಿಕೊಳ್ಳಿ. ಬರೀ ಸೀಟಿನ ಜಗಳ ಆಗಿದ್ದರೆ, ಅವಧಿ ಮುಗಿದ ಮೇಲೆ ಇನ್ನು ಏನೂ ಉಳಿದಿಲ್ಲ ಅಂತ ಕೋರ್ಟು ಅರ್ಜಿ ಮುಗಿಸಿಬಿಡುತ್ತದೆ. ಆದರೆ ನಿಮ್ಮ ಮೇಲೆ 43ಎ ಆದೇಶ ಇದ್ದರೆ ಅವಧಿ ಮುಗಿಯಿತು ಅಂತ ಕೈ ಬಿಡಬೇಡಿ. ಆರು ವರ್ಷದ ನಿಷೇಧ ಮುಂದಿನ ಚುನಾವಣೆಗೂ ತಾಗುತ್ತದೆ, ಆದ್ದರಿಂದ ಕೇಸು ಇನ್ನೂ ಜೀವಂತ ಅಂತ ವಕೀಲರಿಂದ ಮೆಮೋ ಹಾಕಿಸಿ. ಹಾಕಿಸದೆ ಅರ್ಜಿ ಮುಗಿದು ಹೋದರೆ, ನಾಮಪತ್ರ ಪರಿಶೀಲನೆಯ ದಿನ ಎದುರಾಳಿ ಆ ಹಳೆಯ ಆದೇಶವನ್ನೇ ಚುನಾವಣಾಧಿಕಾರಿಯ ಮುಂದೆ ಇಡುತ್ತಾನೆ.